ತಾಳ ಬಿದ್ದಲ್ಲೆಲ್ಲ ಕತ್ತರಿ ಹಾಕಬೇಡಿ

ಪ್ರಶ್ನೆ: ಮೂರು ವರ್ಷದಿಂದ ಮದುವೆ ವಿಡಿಯೊ, ರೀಲ್ಸ್ ಎಡಿಟ್ ಮಾಡುತ್ತಿದ್ದೇನೆ. ಪ್ರತಿ ಬೀಟ್‌ಗೂ ಕಟ್ ಹಾಕುವುದು ಚೆನ್ನಾಗಿ ಬರುತ್ತದೆ. ಸಂಗೀತ ಸಾಕ್ಷ್ಯಚಿತ್ರದ ಎಡಿಟರ್ ಆಗಲು ಇಷ್ಟು ಸಾಕಾ?

ಸಾಲದು. ಇದೇ ಪ್ರಶ್ನೆ ಮತ್ತೆ ಮತ್ತೆ ಬರುತ್ತಿದೆ, ಅದಕ್ಕೇ ಬಿಡಿಸಿ ಹೇಳುತ್ತೇನೆ. ಬೀಟ್ ಬಿದ್ದಾಗಲೆಲ್ಲ ಶಾಟ್ ಬದಲಾದರೆ ನೋಡುವವರ ಕಿವಿ ಕೇಳುವುದನ್ನೇ ಬಿಡುತ್ತದೆ. ಕಛೇರಿಯಲ್ಲಿ ಆದಿತಾಳದ ತನಿ ಆವರ್ತನ, ಅಂದರೆ ಮೃದಂಗದವರೊಬ್ಬರೇ ನುಡಿಸುವ ಭಾಗ, ತಗೊಳ್ಳಿ. ಎಂಟು ಎಣಿಕೆಗೆ ಎಂಟು ಕಟ್ ಹಾಕಿದರೆ ಮೃದಂಗದವರು ಕಟ್ಟುತ್ತಿರುವ ಲೆಕ್ಕಾಚಾರವೆಲ್ಲ ಚೂರುಚೂರು. ಮುಕ್ತಾಯ, ಅಂದರೆ ತನಿ ಮುಗಿಸುವ ಕೊನೆಯ ಲೆಕ್ಕಾಚಾರ, ಶುರುವಾದ ಮೇಲೆ ಅವರ ಬೆರಳುಗಳ ಮೇಲೇ ನಿಲ್ಲಿ. ಹಾಡುವವರು ಮತ್ತೆ ಪಲ್ಲವಿ ಎತ್ತುವಾಗ ಅವರ ಮುಖಕ್ಕೆ ಹೋಗಿ. ಆ ಒಂದು ಕಟ್ ಸಾಕು.

ಪಿಟೀಲಿನ ಕಮಾನನ್ನೂ ನೋಡಿ. ಇನ್ಯಾವುದೋ ಕೃತಿಯ ಶಾಟ್ ತಂದು ಅಂಟಿಸಿದರೆ ಕಮಾನು ಒಂದು ಕಡೆ, ಸ್ವರ ಇನ್ನೊಂದು ಕಡೆ. 'ಯಾರಿಗೆ ಗೊತ್ತಾಗುತ್ತೆ' ಅನ್ನಬೇಡಿ. ಮೊದಲ ಚಿತ್ರದಲ್ಲಿ ನಾನೂ ಹಾಗೆ ಮಾಡಿದ್ದೆ. ನುಡಿಸಿದ ಕಲಾವಿದರು ನೋಡಿದರು, ಒಂದು ಮಾತೂ ಆಡದೆ ಎದ್ದು ಹೋದರು. ಇವತ್ತಿಗೂ ಆ ನೋವಿದೆ.

ಈ ಕೆಲಸದ ಬಹುಪಾಲು ನೋಡುವುದು, ಕೇಳುವುದು, ಬರೆದಿಡುವುದು. 1969ರ ಜನವರಿಯಲ್ಲಿ ಇಂಗ್ಲೆಂಡಿನ ಬೀಟಲ್ಸ್ ಬ್ಯಾಂಡಿನ ತಾಲೀಮು ಚಿತ್ರೀಕರಿಸಿದ್ದರಲ್ಲ, ಅದರಲ್ಲಿ ಸುಮಾರು 60 ಗಂಟೆ ಚಿತ್ರ, 150 ಗಂಟೆ ಧ್ವನಿ ಉಳಿದಿತ್ತು. ಅಂದರೆ ಚಿತ್ರವೇ ಇಲ್ಲದ ಧ್ವನಿಯೇ ಜಾಸ್ತಿ. ನಿರ್ದೇಶಕ ಪೀಟರ್ ಜಾಕ್ಸನ್ ಜೊತೆ ಕೂತು ಎಡಿಟರ್ ಜಾಬೆಜ್ ಓಲ್ಸೆನ್ ಅದನ್ನು ಸುಮಾರು 8 ಗಂಟೆಗೆ ಇಳಿಸಿದರು. 2021ರಲ್ಲಿ ಅದು 'ಗೆಟ್ ಬ್ಯಾಕ್' ಎಂಬ ಸಾಕ್ಷ್ಯಚಿತ್ರವಾಗಿ ಹೊರಬಂತು. ಅಲ್ಲಿ ಬೀಟ್‌ಗಿಂತ ಹೆಚ್ಚು ಕೆಲಸಕ್ಕೆ ಬಂದದ್ದು ತಾಳ್ಮೆ.

ನೀವು ಹತ್ತಿರದ ಸಂಗೀತ ಸಭೆಯವರನ್ನು ಕೇಳಿ ಒಂದು ಇಡೀ ಕಛೇರಿಯ ರೆಕಾರ್ಡಿಂಗ್ ಪಡೆಯಿರಿ. ಯಾವ ನಿಮಿಷದಲ್ಲಿ ಏನಾಯಿತು ಎಂದು ಪೂರ್ತಿ ಬರೆಯಿರಿ. ಆ ಪಟ್ಟಿ ಹಿಡಿದು ಅಸಿಸ್ಟೆಂಟ್ ಕೆಲಸ ಕೇಳಿ. ರೀಲ್ಸ್ ಲಿಂಕ್ ಬೇಡ.

ಪ್ರಶ್ನೆ: ಯಾವ ಸಾಫ್ಟ್‌ವೇರ್ ಒಳ್ಳೆಯದು?

ನಿಮ್ಮ ಹತ್ತಿರ ಇರುವುದೇ.

ಪ್ರಶ್ನೆ: ಮೂರು ತಿಂಗಳ ಕೋರ್ಸ್, ಕೆಲಸ ಖಾತ್ರಿ ಎನ್ನುತ್ತಾರೆ. ಸೇರಲಾ?

ಬೇಡ. ಅದು ಮೋಸ. ಆ ದುಡ್ಡಿಗೆ ಒಳ್ಳೆಯ ಹೆಡ್‌ಫೋನ್ ತಗೊಳ್ಳಿ.

ಪ್ರಶ್ನೆ: 30 ಸೆಕೆಂಡ್ ಒಳಗಿದ್ದರೆ ಹಾಡಿಗೆ ಕಾಪಿರೈಟ್ ಇಲ್ಲ ಅಲ್ವಾ?

ಶುದ್ಧ ಸುಳ್ಳು. ನಮ್ಮ 1957ರ ಕಾಯ್ದೆಯಲ್ಲಿ ಅಂಥ ವಿನಾಯಿತಿಯೇ ಇಲ್ಲ. ಕೃತಿ ತ್ಯಾಗರಾಜರದೇ ಇರಬಹುದು, ಆದರೆ ರೆಕಾರ್ಡಿಂಗ್‌ನ ಹಕ್ಕು ಬೇರೆಯವರ ಕೈಯಲ್ಲಿರುತ್ತದೆ. ಸಹಿ ಮಾಡಿದ ಅನುಮತಿ ಪತ್ರ ಬರುವವರೆಗೆ ನಾನು ಅಂಥ ಹಾಡನ್ನು ಟೈಮ್‌ಲೈನ್ ಮೇಲೂ ಇಡುವುದಿಲ್ಲ.