ಕಾಯಿಲೆ ಇಲ್ಲದಿದ್ದರೂ ಪಿಎಚ್‌ಸಿಯಲ್ಲಿ (ಪ್ರಾಥಮಿಕ ಆರೋಗ್ಯ ಕೇಂದ್ರ) ತಪಾಸಣೆ ಮಾಡುತ್ತಾರಾ? ಯಾವ ವಯಸ್ಸಿನಿಂದ?

ಹೌದು, ಮಾಡುತ್ತಾರೆ. ಕೇಂದ್ರ ಸರ್ಕಾರದ ಮಾರ್ಗಸೂಚಿಯ ಪ್ರಕಾರ 30 ವರ್ಷ ದಾಟಿದ ಎಲ್ಲರಿಗೂ ಬಿಪಿ, ಸಕ್ಕರೆ ಕಾಯಿಲೆ ಮತ್ತು ಬಾಯಿ ಕ್ಯಾನ್ಸರ್ ತಪಾಸಣೆ ಇದೆ. ಹೆಂಗಸರಿಗೆ ಇದರ ಜೊತೆ ಸ್ತನ ಮತ್ತು ಗರ್ಭಕಂಠದ (ಗರ್ಭಕೋಶದ ಬಾಯಿ) ಕ್ಯಾನ್ಸರ್ ತಪಾಸಣೆಯೂ ಸೇರುತ್ತದೆ. ಬಿಪಿ, ಶುಗರ್ ವರ್ಷಕ್ಕೊಮ್ಮೆ. ಕ್ಯಾನ್ಸರ್ ತಪಾಸಣೆ 5 ವರ್ಷಕ್ಕೊಮ್ಮೆ.

ಶುರುವಾಗುವುದು ಮನೆಯಲ್ಲೇ. ಆಶಾ ಕಾರ್ಯಕರ್ತೆ ಬಂದು ವಯಸ್ಸು, ತಂಬಾಕು, ಸೊಂಟದ ಸುತ್ತಳತೆ, ಮನೆಯವರ ಕಾಯಿಲೆ ಎಲ್ಲ ಕೇಳಿ, ಕಾಯಿಲೆಯ ಅಪಾಯ ಎಷ್ಟಿದೆ ಎಂದು ಅಂಕ ಹಾಕುತ್ತಾರೆ. 4ಕ್ಕಿಂತ ಜಾಸ್ತಿ ಬಂದವರನ್ನು ಮೊದಲು ಕರೆಯುತ್ತಾರೆ. ಕಡಿಮೆ ಬಂದರೂ ತಪಾಸಣೆ ತಪ್ಪಿಸಬೇಡಿ. ಬಿಪಿ 140/90 ಮುಟ್ಟಿದ್ದರೂ ಎಷ್ಟೋ ಜನರಿಗೆ ಏನೂ ಗೊತ್ತಾಗುವುದಿಲ್ಲ, ಅಲ್ವಾ?

ಹೆಂಗಸರು ಜಾಸ್ತಿ ಹಿಂಜರಿಯುವುದು ಗರ್ಭಕಂಠದ ತಪಾಸಣೆಗೆ. ಸುಮ್ನೆ ಹೆದರಬೇಡಿ. ತೆಳು ಮಾಡಿದ ಅಸಿಟಿಕ್ ಆಮ್ಲ ಹಚ್ಚಿ, ಒಂದು ನಿಮಿಷ ಕಾದು, ಬಿಳಿ ಕಲೆ ಕಾಣುತ್ತದಾ ಎಂದು ನೋಡುತ್ತಾರೆ. ಫಲಿತಾಂಶ ಅಲ್ಲೇ ಸಿಗುತ್ತದೆ. ಕಲೆ ಕಂಡರೆ ಅದು ಕ್ಯಾನ್ಸರ್ ಎಂದೇ ಅರ್ಥವಲ್ಲ, ಮುಂದಿನ ಪರೀಕ್ಷೆ ಬೇಕು ಎಂದಷ್ಟೇ. ಕ್ಯಾನ್ಸರ್ ಆಗುವ ಮೊದಲಿನ ಬದಲಾವಣೆಯನ್ನೇ ಹಿಡಿದು ಚಿಕಿತ್ಸೆ ಕೊಡಬಹುದು. ಅದಕ್ಕೇ ನಾನು ಇದನ್ನು ಇಷ್ಟು ಒತ್ತಿ ಹೇಳುತ್ತಿರುವುದು.

ರಕ್ತಸ್ರಾವ, ಗಂಟು, ವಾಸಿಯಾಗದ ಬಾಯಿ ಹುಣ್ಣು ಇದ್ದರೆ ತಪಾಸಣೆಯ ಸರದಿಗೆ ಕಾಯದೆ ಕೂಡಲೇ ವೈದ್ಯರನ್ನು ಕಾಣಿ.