ಹಳಿ ಹಾಕಲಾಯಿತು ಸರಿ, ಹಾಕಿದವರು ಯಾರು?

ನಮಸ್ಕಾರ,

ನಿಮ್ಮ ‘ಹುಬ್ಬಳ್ಳಿ ರೈಲ್ವೆ: ಒಂದು ಇಣುಕುನೋಟ’ ಲೇಖನ ನನ್ನ ಕೈಸೇರಿ ಮೂರು ವಾರ ಆಯಿತು. ಉತ್ತರ ತಡವಾಯಿತು, ಬೇಜಾರು ಮಾಡಿಕೊಳ್ಳಬೇಡಿ. ಎರಡು ಸಲ ಓದಿದೆ. ಮೊದಲ ಸಲ ಎರಡನೇ ಪುಟಕ್ಕೇ ಆಕಳಿಕೆ ಬಂತು. ಎರಡನೇ ಸಲ ಸುಮ್ನೆ ಮಧ್ಯದಲ್ಲಿ ತೆಗೆದೆ, ಒಂಬತ್ತನೇ ಪುಟ ಸಿಕ್ಕಿತು. ಆವತ್ತು ರಾತ್ರಿ ತಟ್ಟೆಯಲ್ಲಿದ್ದ ಅನ್ನ ತಣ್ಣಗಾಯಿತು. ಎರಡೂ ನೀವೇ ಬರೆದದ್ದು. ಅದಕ್ಕೇ ಈ ಕಾಗದ ಸ್ವಲ್ಪ ಉದ್ದವಾಗುತ್ತದೆ.

ನೇರವಾಗಿ ಹೇಳಿಬಿಡುತ್ತೇನೆ. ಈಗಿರುವ ಹಾಗೆ ಇದನ್ನು ನಮ್ಮ ಪತ್ರಿಕೆಯಲ್ಲಿ ಹಾಕೋಕಾಗಲ್ಲ. ಆದರೆ ಬಿಡೋಕೂ ಮನಸ್ಸಿಲ್ಲ. ಒಂದು ವಿಷಯಕ್ಕಂತೂ ಮೊದಲೇ ಥ್ಯಾಂಕ್ಸ್: ರೈಲಿನ ಬಗ್ಗೆ ನಮಗೆ ಬರುವ ಲೇಖನಗಳಲ್ಲಿ ಮುಕ್ಕಾಲು ಪಾಲಿನಲ್ಲಿ ಮದ್ದೂರು ವಡೆ ಇರುತ್ತದೆ. ನಿಮ್ಮದರಲ್ಲಿ ಇಲ್ಲ.

ಪೆನ್ಸಿಲ್ ಹಿಡಿದು ಎಣಿಸಿದೆ. ಹದಿನಾಲ್ಕು ಪುಟಗಳಲ್ಲಿ ‘ಲಾಯಿತು’, ‘ಲಾಗಿತ್ತು’, ‘ಲಾಗಿದೆ’ ಸೇರಿ ನಲವತ್ತೊಂದು ಸಲ ಬಂದಿವೆ. ಹಳಿ ಹಾಕಲಾಯಿತು. ಸೇತುವೆ ಕಟ್ಟಲಾಯಿತು. ಕಾರ್ಖಾನೆ ಸ್ಥಾಪಿಸಲಾಯಿತು. ಮುಷ್ಕರ ನಡೆಸಲಾಯಿತು. ವ್ಯಾಕರಣ ತಪ್ಪೇನಿಲ್ಲ. ಆದರೆ ಓದುತ್ತಾ ಹೋದರೆ ಹುಬ್ಬಳ್ಳಿ ಸೀಮೆಯಲ್ಲಿ ಮನುಷ್ಯರೇ ಇರಲಿಲ್ಲ ಅನ್ನಿಸುತ್ತದೆ. ಹಾರೆ ತಾನೇ ಎದ್ದು ನಿಂತಿತು, ಜಲ್ಲಿ ತಾನೇ ಬಂದು ಬಿತ್ತು! ನೀವು ಹಳಿ ನೋಡಿಕೊಂಡವರ ಮೊಮ್ಮಗ. ನಿಮ್ಮ ಲೇಖನದಲ್ಲೇ ಹಳಿ ಹಾಕಿದವರು ಕಾಣದಿದ್ದರೆ ಹೇಗೆ ಹೇಳಿ?

ಮೊದಲ ಎರಡು ಪುಟ ತೆಗೆದುಹಾಕಿ. ಇಂಗ್ಲೆಂಡಿನ ಉಗಿ ಎಂಜಿನ್ನು, 1853ರಲ್ಲಿ ಬೋರಿಬಂದರಿನಿಂದ ಠಾಣೆಗೆ ಓಡಿದ ಗಾಡಿ, ಇವು ಶಾಲೆ ಮಕ್ಕಳಿಗೂ ಗೊತ್ತು. ಹುಬ್ಬಳ್ಳಿಗೆ ಹೋಗೋಕೆ ಲಂಡನ್ನಿನಿಂದ ಟಿಕೆಟ್ ತೆಗೆದುಕೊಳ್ಳಬೇಕಾಗಿಲ್ಲ.

ಮೂರನೇ ಪುಟದಲ್ಲಿ ‘1882ರಲ್ಲಿ ಸದರ್ನ್ ಮರಾಠಾ ರೈಲ್ವೆ ಕಂಪನಿಯನ್ನು ಸ್ಥಾಪಿಸಲಾಯಿತು’ ಅಂತ ಬರೆದು ಮುಂದಕ್ಕೆ ಹೋಗಿಬಿಟ್ಟಿದ್ದೀರಿ. ಯಾಕೆ 1882? ಅದರ ಹಿಂದಿನ ಐದಾರು ವರ್ಷ ನೋಡಿ. 1876ರಿಂದ 78ರವರೆಗೆ ಬಿತ್ತಲ್ಲ, ಆ ಧಾತು-ಈಶ್ವರ ಸಂವತ್ಸರಗಳ ಬರ. ಬಿಜಾಪುರ, ಧಾರವಾಡ, ಬಳ್ಳಾರಿ ಸೀಮೆಯಲ್ಲಿ ಮೇವಿಲ್ಲದೆ ಎತ್ತು ಸತ್ತವು. ಎತ್ತು ಸತ್ತ ಮೇಲೆ ಬಂಡಿ ಹೂಡುವವರು ಯಾರು? ಬೇರೆ ಕಡೆ ಕಾಳಿದ್ದರೂ ಹಳ್ಳಿಗೆ ತರೋಕೆ ದಾರಿಯಿರಲಿಲ್ಲ. ಬರ ಕಳೆದ ಮೇಲೆ ಸರ್ಕಾರದ ಆಯೋಗ 1880ರಲ್ಲಿ ವರದಿ ಕೊಟ್ಟಿತು, ಬರ ಬೀಳುವ ಸೀಮೆಗೆ ರೈಲು ಬೇಕೆಂದಿತು. ಕಂಪನಿ ಹುಟ್ಟಿದ್ದು ಅದರ ಬೆನ್ನಿಗೆ. ಗದಗಿನಿಂದ ಬಿಜಾಪುರದ ಮೇಲೆ ಸೊಲ್ಲಾಪುರದ ಹತ್ತಿರದ ಹೊಟಗಿಗೆ ಹೋದ ಮೀಟರ್‌ಗೇಜ್ ಹಳಿಯ ಹಿಂದೆ ಈ ಹಸಿವಿದೆ. ನಮ್ಮ ಮೈಸೂರು ಸೀಮೆಯಲ್ಲೂ ಅಷ್ಟೇ. ಬೆಂಗಳೂರು-ಮೈಸೂರು ಹಳಿಯ ಮಣ್ಣಿನ ಕೆಲಸ ಶುರುವಾಗಿದ್ದು ಬರಗಾಲದ ಪರಿಹಾರ ಕಾಮಗಾರಿಯಾಗಿ.

ಹಾಗಂತ ರೈಲು ಬಂತು, ಬರ ಹೋಯಿತು ಅಂತಲೂ ಬರೆಯಬೇಡಿ. ಬಳ್ಳಾರಿಗೆ ಆ ಬರಕ್ಕೆ ಮೊದಲೇ ಮದ್ರಾಸ್ ರೈಲ್ವೆಯ ಹಳಿ ಬಂದಿತ್ತು. ಆದರೂ ಆ ಜಿಲ್ಲೆಯಲ್ಲಿ ಜನ ಸತ್ತರು. ಗಾಡಿಯಲ್ಲಿ ಕಾಳು ಬಂದರೆ ಸಾಕಾ? ಕೊಳ್ಳೋಕೆ ಕೈಯಲ್ಲಿ ಕಾಸು ಬೇಡವಾ? ‘ಬ್ರಿಟಿಷರ ಅಮೂಲ್ಯ ಕೊಡುಗೆ’ ಅನ್ನುವ ನಿಮ್ಮ ಸಾಲಿನ ಮೇಲೆ ಅಡ್ಡಗೆರೆ ಎಳೆದಿದ್ದೇನೆ. ಲಂಡನ್ನಿನಲ್ಲಿ ಕೂತ ಷೇರುದಾರರಿಗೆ ಇಂತಿಷ್ಟು ಬಡ್ಡಿ ಖಾತ್ರಿ ಅಂತ ಸರ್ಕಾರ ಮಾತು ಕೊಟ್ಟಿತ್ತು. ಆ ದುಡ್ಡು ಇಲ್ಲಿನ ಕಂದಾಯದಿಂದಲೇ ಹೋಗಬೇಕಿತ್ತು. ನಾವೇ ದುಡ್ಡು ಕೊಟ್ಟು ತಂದದ್ದನ್ನು ಕೊಡುಗೆ ಅನ್ನೋದು ಹೇಗೆ?

ಕಂಪನಿಗಳ ಹೆಸರು ಬದಲಾದ ಕಥೆಗೆ ಒಂದೂವರೆ ಪುಟ ಕೊಟ್ಟಿದ್ದೀರಿ. ಅಷ್ಟು ಬೇಡ. 1908ರಲ್ಲಿ ಮದ್ರಾಸ್ ರೈಲ್ವೆ ಜೊತೆ ಸೇರಿ ಮದ್ರಾಸ್ ಅಂಡ್ ಸದರ್ನ್ ಮರಾಠಾ, 1951ರಲ್ಲಿ ದಕ್ಷಿಣ ರೈಲ್ವೆ, 1966ರಲ್ಲಿ ದಕ್ಷಿಣ ಮಧ್ಯ, 2003ರಲ್ಲಿ ನೈಋತ್ಯ. (1966 ನಿಮ್ಮಲ್ಲಿ ಬಿಟ್ಟುಹೋಗಿದೆ, ಸೇರಿಸಿ.) ಇದನ್ನೇ ನಿಮ್ಮ ಮನೆಯಿಂದ ಹೇಳಿದರೆ ಎರಡು ಸಾಲಿಗೆ ಮುಗಿಯುತ್ತದೆ. ಅಜ್ಜ ಕೆಲಸಕ್ಕೆ ಸೇರಿದಾಗ ಮುಖ್ಯ ಕಚೇರಿ ಮದ್ರಾಸಿನಲ್ಲಿ, ರಿಟೈರ್ ಆಗುವಾಗ ಸಿಕಂದರಾಬಾದಿನಲ್ಲಿ. ಅಪ್ಪ ಹುಬ್ಬಳ್ಳಿಯ ಗದಗ ರಸ್ತೆಯ ರೈಲ್ವೆ ವರ್ಕ್‌ಶಾಪಿಗೆ ಹೋಗುತ್ತಿದ್ದಾಗಲೇ ಕಚೇರಿ ಹುಬ್ಬಳ್ಳಿಗೇ ಬಂತು. ಅಷ್ಟು ಸಾಕು, ಅಲ್ವಾ?

ಇನ್ನು ಮಾತಿನ ವಿಷಯ. ‘ಧೂಮಶಕಟ’ ಬೇಡ. ನಿಮ್ಮ ಅಜ್ಜ ಅದನ್ನು ಒಂದು ಸಲವಾದರೂ ಹಾಗೆ ಕರೆದಿದ್ದರೆ ನಾನು ಈ ಕೆಲಸ ಬಿಡುತ್ತೇನೆ. ಅವರು ‘ಗಾಡಿ’ ಅಂದಿರುತ್ತಾರೆ. ‘ಭಾರವಾಹಕ’ ಅಲ್ಲ, ಹಮಾಲ. ‘ಸಂಕೇತಧ್ವನಿ’ ಅಂದರೇನು ಅಂತ ನನಗೆ ತಿಳಿಯೋಕೆ ಐದು ನಿಮಿಷ ಬೇಕಾಯಿತು. ವರ್ಕ್‌ಶಾಪಿನ ಭೋಂಗಾ, ಅಂದರೆ ಸೈರನ್! 1885ರಿಂದ ಇರುವ ವರ್ಕ್‌ಶಾಪು. ಆ ಭೋಂಗಾ ಕೇಳಿ ಸುತ್ತಮುತ್ತ ಎಷ್ಟು ಮನೆಗಳಲ್ಲಿ ರೊಟ್ಟಿ ಬುತ್ತಿ ಕಟ್ಟಿರಬಹುದು! ಅದನ್ನು ಧ್ವನಿ ಅಂತ ಮಾಡಿ ಬಾಯಿ ಮುಚ್ಚಿಸಿಬಿಟ್ಟಿದ್ದೀರಿ. ಎಲ್ಲಕ್ಕಿಂತ ಜಾಸ್ತಿ ನಗು ಬಂದದ್ದು ‘ಕೀಲಿಕೈ ಸಿಬ್ಬಂದಿ’ಗೆ. ಕೀಮನ್ ಹತ್ತಿರ ಇರೋದು ಬೀಗದ ಕೈಯಲ್ಲ. ಹಳಿಯನ್ನು ಅದರ ಅಡಿಯ ಅಡ್ಡತೊಲೆಗೆ, ಅಂದರೆ ಸ್ಲೀಪರಿಗೆ, ಬಿಗಿಯಾಗಿ ಹಿಡಿಯೋಕೆ ಹೊಡೆಯುವ ಬೆಣೆಗೆ ಅವರು ‘ಕೀ’ ಅನ್ನುತ್ತಾರೆ. ಗಾಡಿ ಓಡಾಡಿದಂತೆ ಅದು ಸಡಿಲವಾಗುತ್ತದೆ. ದಿನಾ ಬೆಳಿಗ್ಗೆ ತನ್ನ ಪಾಲಿನ ಹಳಿಯುದ್ದಕ್ಕೂ ನಡೆದು, ಸಡಿಲವಾದ ಕೀಗಳನ್ನು ಸುತ್ತಿಗೆಯಿಂದ ಹೊಡೆದು ಕೂರಿಸುವವನು ಕೀಮನ್. ನಿಮ್ಮ ಅಜ್ಜ ಮಾಡಿದ್ದು ಈ ಕೆಲಸ. ನೀವೇ ಅವರಿಗೆ ಬೀಗದ ಗೊಂಚಲು ಕೊಟ್ಟುಬಿಟ್ಟರೆ!

ಟೋಕನ್ ಬಗ್ಗೆ ನಿಮ್ಮ ಸಾಲು ಹೀಗಿದೆ: ‘ಏಕಮಾರ್ಗದಲ್ಲಿ ಸುರಕ್ಷತೆಯ ದೃಷ್ಟಿಯಿಂದ ಟೋಕನ್ ಪದ್ಧತಿಯನ್ನು ಅಳವಡಿಸಲಾಗಿತ್ತು.’ ನಾನು ಅರಸೀಕೆರೆ ಕಡೆಯವನು, ಚಿಕ್ಕಂದಿನಲ್ಲಿ ಇದನ್ನು ಬೇಲಿಗೆ ಒರಗಿ ನೋಡಿದವನು. ನನಗೆ ಕಂಡದ್ದು ಇಷ್ಟು. ಸ್ಟೇಷನ್ನಿನ ರೂಮಿನಲ್ಲಿ ಕೆಂಪು ಬಣ್ಣದ ಮೆಷಿನ್ನು. ಮುಂದಿನ ಸ್ಟೇಷನ್ನಿನವರು ಒಪ್ಪಿದರೆ ಮಾತ್ರ ಅದು ಒಂದು ಕಬ್ಬಿಣದ ಗುಂಡು ಕೊಡುತ್ತದೆ. ಒಂದೇ ಒಂದು. ಅದೇ ಟೋಕನ್, ಅದಿಲ್ಲದೆ ಗಾಡಿ ಮುಂದಿನ ಸ್ಟೇಷನ್ನಿಗೆ ಹೊರಡುವಂತಿಲ್ಲ. ಅದು ವಾಪಸ್ ಮೆಷಿನ್ನಿಗೆ ಬೀಳುವ ತನಕ ಎರಡು ಕಡೆಯವರಿಗೂ ಇನ್ನೊಂದು ಸಿಗಲ್ಲ. ಗುಂಡನ್ನು ಚರ್ಮದ ಚೀಲಕ್ಕೆ ಹಾಕಿ, ಚೀಲವನ್ನು ದೊಡ್ಡ ಬಳೆಗೆ ಸಿಕ್ಕಿಸಿ, ಪಾಯಿಂಟ್ಸ್‌ಮನ್ ಅದನ್ನು ಎತ್ತಿ ಹಿಡಿದು ಪ್ಲಾಟ್‌ಫಾರಂ ತುದಿಯಲ್ಲಿ ನಿಲ್ಲುತ್ತಿದ್ದ. ನಿಲ್ಲದ ಗಾಡಿಯಾದರೆ ಕಲ್ಲಿದ್ದಲು ಹಾಕುವ ಫೈರ್‌ಮನ್ ಎಂಜಿನ್ನಿನಿಂದ ಬಗ್ಗಿ ತೋಳನ್ನೇ ಬಳೆಯೊಳಗೆ ತೂರಿಸುತ್ತಿದ್ದ. ಬಳೆ ಭುಜಕ್ಕೆ ಬಡಿದ ಸದ್ದು ನಮಗೆ ಬೇಲಿಯ ಈಚೆಗೂ ಕೇಳುತ್ತಿತ್ತು. ಇದನ್ನೇ ಬರೆಯಿರಿ ಅಂತಲ್ಲ, ಇದು ನನ್ನದು. ನಿಮ್ಮ ಹತ್ತಿರ ಇದಕ್ಕಿಂತ ಒಳ್ಳೆಯದಿದೆ.

ಅದು ಒಂಬತ್ತನೇ ಪುಟ. ಅಜ್ಜ 1953ರಲ್ಲಿ ಗೋವಾ ಗಡಿಯ ಕ್ಯಾಸಲ್‌ರಾಕಿನಲ್ಲಿ ಕೆಲಸಕ್ಕೆ ಸೇರಿದ್ದು. ಮಳೆಗಾಲದಲ್ಲಿ ಕಾಲಿಗೆ ಸುಣ್ಣ, ಹೊಗೆಸೊಪ್ಪು ಹಚ್ಚಿಕೊಂಡು ಹೊರಟರೂ ಸಂಜೆ ಬೆರಳ ಸಂದಿಯಲ್ಲಿ ರಕ್ತ ಹೀರುವ ಇಂಬಳ ಇರುತ್ತಿದ್ದದ್ದು. ಆಮೇಲೆ ಆ ನಡಿಗೆ. ಎರಡು ಸ್ಲೀಪರಿನ ನಡುವಿನ ಅಂತರ ಗಂಡಸಿನ ಹೆಜ್ಜೆಗಿಂತ ಗಿಡ್ಡ. ಒಂದು ಬಿಟ್ಟು ಒಂದು ತುಳಿಯೋಣ ಅಂದರೆ ಉದ್ದ. ಮೂವತ್ತೆಂಟು ವರ್ಷ ಹಾಗೇ ನಡೆದು ನಡೆದು, ರಿಟೈರ್ ಆದ ಮೇಲೆ ಮದುವೆ ಮನೆಯ ಹಂದರದಲ್ಲೂ ಅಜ್ಜ ಅದೇ ಗಿಡ್ಡ ಹೆಜ್ಜೆ ಹಾಕುತ್ತಿದ್ದರು ಅಂತ ಬರೆದಿದ್ದೀರಿ. ಅದನ್ನು ಓದಿ ಎದ್ದು ನಮ್ಮ ಹಾಲಿನಲ್ಲಿ ನಾನೇ ನಾಲ್ಕು ಹೆಜ್ಜೆ ನಡೆದು ನೋಡಿದೆ. ಮನೆಯವರು ಏನಾಯ್ತು ಅಂದರು.

ಅಲ್ಲಿಂದ ಶುರು ಮಾಡಿ. ಹುಬ್ಬಳ್ಳಿಯಿಂದ ಅಲ್ಲ, ಕ್ಯಾಸಲ್‌ರಾಕಿನಿಂದ.

ಮತ್ತೆ ಅದೇ ಪುಟದಲ್ಲಿ ಒಂದು ದೊಡ್ಡ ವಿಷಯವನ್ನು ಒಂದೇ ಸಾಲಿಗೆ ಕೊಂದಿದ್ದೀರಿ. ‘1955ರಲ್ಲಿ ಗೋವಾ ಗಡಿಯಲ್ಲಿ ಸಂಚಾರವನ್ನು ಸ್ಥಗಿತಗೊಳಿಸಲಾಯಿತು.’ ಅಷ್ಟೇನಾ? 1888ರಿಂದ ಮರ್ಮಗೋವಾ ಬಂದರಿನಿಂದ ಘಟ್ಟ ಹತ್ತಿ ಬರುತ್ತಿದ್ದ ಹಳಿ ಅದು. ಕ್ಯಾಸಲ್‌ರಾಕಿನ ಆಚೆ ಪೋರ್ಚುಗೀಸರ ಸೀಮೆ, ಈಚೆ ನಮ್ಮದು. ಗಾಡಿ ನಿಲ್ಲಿಸಿ ಕಸ್ಟಮ್ಸಿನವರು ಜನರ ಗಂಟುಮೂಟೆ ಬಿಚ್ಚಿಸುತ್ತಿದ್ದ ಸ್ಟೇಷನ್ನು. ಹುಬ್ಬಳ್ಳಿ-ಗದಗಿನ ಹತ್ತಿ ಹಡಗು ಹತ್ತೋಕೆ ಇಳಿದು ಹೋಗುತ್ತಿದ್ದ ದಾರಿ. 37 ಅಡಿ ಹೋದರೆ ಒಂದಡಿ ಏರುವ ಘಟ್ಟಕ್ಕೆ ಹಿಂದಿನಿಂದ ಇನ್ನೊಂದು ಎಂಜಿನ್ನು ತಳ್ಳಬೇಕಿತ್ತು. ಅಂಥ ಜಾಗದಲ್ಲಿ ಒಂದು ದಿನ ಆಚೆಯಿಂದ ಗಾಡಿ ಬರೋದೇ ನಿಂತುಹೋಯಿತು. 1961ರ ಡಿಸೆಂಬರಿನಲ್ಲಿ ಗೋವಾ ಬಿಡುಗಡೆ ಆಗುವ ತನಕ ಗಡಿ ಮುಚ್ಚಿತ್ತು. ನಿಮ್ಮ ಅಜ್ಜ ಕೆಲಸಕ್ಕೆ ಸೇರಿ ಎರಡು ವರ್ಷ ಆಗಿತ್ತಷ್ಟೇ. ಗಾಡಿ ಬರದ ಹಳಿಯ ಮೇಲೆ ಅವರು ಸುತ್ತಿಗೆ ಹಿಡಿದು ಹೋದರಾ? ಹೊಳೆಯುತ್ತಿದ್ದ ಹಳಿ ಎಷ್ಟು ದಿನಕ್ಕೆ ಕೆಂಪಗೆ ತುಕ್ಕು ಹಿಡಿಯಿತು? ಪ್ಲಾಟ್‌ಫಾರಮಿನಲ್ಲಿ ಚಹಾ ಮಾರುತ್ತಿದ್ದವರು ಎಲ್ಲಿಗೆ ಹೋದರು? ಇವು ಯಾವ ಗೆಜೆಟಿಯರಿನಲ್ಲೂ ನಿಮಗೆ ಸಿಗಲ್ಲ. ಅಜ್ಜಿ ಇದ್ದಾರೆ ಅಂತ ಬರೆದಿದ್ದೀರಿ. ಕೇಳಿ.

ಅಜ್ಜಿಯ ಮಾತು ಬರೆಯುವಾಗ ದಯವಿಟ್ಟು ಅದಕ್ಕೆ ಇಸ್ತ್ರಿ ಹಾಕಬೇಡಿ. ‘ಮಳೆಗಾಲದಲ್ಲಿ ಅವರು ಹಿಂದಿರುಗುವವರೆಗೂ ನಾನು ಭೋಜನ ಸ್ವೀಕರಿಸುತ್ತಿರಲಿಲ್ಲ.’ ಲೋಂಡಾ ಜಂಕ್ಷನ್ನಿನ ರೈಲ್ವೆ ಕ್ವಾರ್ಟರ್ಸಿನಲ್ಲಿ ಸಂಸಾರ ಮಾಡಿದ ಹೆಣ್ಣುಮಗಳು ಹೀಗೆ ಮಾತಾಡಿರಲಿಕ್ಕಿಲ್ಲ. ನಿಮ್ಮ ಕಡೆಯ ಮಾತು ನನ್ನ ಕೈಲಿ ಬರೆಯೋಕಾಗಲ್ಲ, ನೀವೇ ಬರೆಯಬೇಕು. ಫೋನಿನಲ್ಲಿ ರೆಕಾರ್ಡ್ ಮಾಡಿಕೊಂಡು, ಅವರು ಹೇಳಿದ ಹಾಗೇ ಇಳಿಸಿ.

1974ರ ರೈಲ್ವೆ ಮುಷ್ಕರವನ್ನೂ ಅವರ ಹತ್ತಿರವೇ ಕೇಳಿ. ಮೇ 8ರಿಂದ ಇಪ್ಪತ್ತು ದಿನ, ದೇಶದಲ್ಲಿ ಸುಮಾರು 17 ಲಕ್ಷ ನೌಕರರು, ಮುಂದಾಳು ನಮ್ಮ ಮಂಗಳೂರಿನ ಜಾರ್ಜ್ ಫರ್ನಾಂಡಿಸ್. ಇದೆಲ್ಲ ಸರಿಯಾಗಿದೆ. ಆದರೆ ಆ ಇಪ್ಪತ್ತು ದಿನ ಮನೆಯಲ್ಲಿ ಒಲೆ ಹೇಗೆ ಉರಿಯಿತು? ದೇಶದ ಎಷ್ಟೋ ಕಡೆ ಕ್ವಾರ್ಟರ್ಸ್ ಖಾಲಿ ಮಾಡಿಸಿದರು, ಸಾವಿರಾರು ಜನರ ಕೆಲಸ ಹೋಯಿತು. ನಿಮ್ಮ ಮನೆ ಬಾಗಿಲಿಗೆ ಯಾರಾದರೂ ಬಂದಿದ್ದರಾ? ಕೆಲಸಕ್ಕೆ ಹೋದವರಿಗೂ ಹೋಗದವರಿಗೂ ಆಮೇಲೆ ಮಾತುಕತೆ ಇತ್ತಾ? ಅಜ್ಜಿ ಹೇಳೋಕೆ ಒಪ್ಪದಿದ್ದರೆ ಬಿಡಿ. ‘ಅದರ ಬಗ್ಗೆ ಅಜ್ಜಿ ಮಾತಾಡಲ್ಲ’ ಅಂತ ಬರೆದರೂ ನಿಮ್ಮ ಈಗಿನ ಪ್ಯಾರಾಕ್ಕಿಂತ ವಾಸಿ.

ಹುಬ್ಬಳ್ಳಿಯ ಜನರ ಬಗ್ಗೆ ‘ವಿವಿಧ ಭಾಷಿಕರು ಸೌಹಾರ್ದದಿಂದ ಬಾಳುತ್ತಿದ್ದರು’ ಅಂದಿದ್ದೀರಿ. ಭಾಷಣದ ಮಾತು. ತಮಿಳರು, ತೆಲುಗರು, ಆಂಗ್ಲೋ-ಇಂಡಿಯನ್ನರು ರೈಲ್ವೆ ಕೆಲಸಕ್ಕೆ ಬಂದು ನೆಲೆಸಿದ ಊರು. ಯಾರಿಗೆ ಡ್ರೈವರ್ ಕೆಲಸ ಸಿಕ್ಕಿತು, ಯಾರು ಖಲಾಸಿಯಾಗೇ ಉಳಿದರು? ಯಾರ ಕ್ವಾರ್ಟರ್ಸಿಗೆ ಅಂಗಳ ಇತ್ತು, ಯಾರದಕ್ಕೆ ಇರಲಿಲ್ಲ? ಹುಬ್ಬಳ್ಳಿಯಲ್ಲಿ ಸೆಟ್ಲಮೆಂಟ್ ಅನ್ನುವ ಜಾಗ ಇದೆಯಲ್ಲ, ಬ್ರಿಟಿಷರು ಕೆಲವು ಜಾತಿಗಳಿಗೆ ಹುಟ್ಟಿನಿಂದಲೇ ಅಪರಾಧಿಗಳು ಅಂತ ಮುದ್ರೆ ಒತ್ತಿ ಬೇಲಿಯೊಳಗೆ ಇಟ್ಟಿದ್ದ ಜಾಗ. ಆ ಕಾನೂನು ಹೋಗಿದ್ದು 1952ರಲ್ಲಿ. ಅಲ್ಲಿನವರು ರೈಲ್ವೆ ಕೆಲಸಕ್ಕೆ ಬಂದಿದ್ದರಾ ಅಂತ ಅಪ್ಪನನ್ನು, ಅಪ್ಪನ ಗೆಳೆಯರನ್ನು ವಿಚಾರಿಸಿ. ಒಂದು ಮಧ್ಯಾಹ್ನ ಅಲ್ಲೇ ಹೋಗಿ ಕೂತು ಬನ್ನಿ.

ಕೊನೆಯಲ್ಲಿ 1507 ಮೀಟರಿನ ಪ್ಲಾಟ್‌ಫಾರಂ, ಜಗತ್ತಿನಲ್ಲೇ ಉದ್ದದ್ದು ಅಂತ ಎದೆ ಉಬ್ಬಿಸಿದ್ದೀರಿ. ಇರಲಿ, ಹೆಮ್ಮೆಯ ವಿಷಯವೇ. ಆದರೆ ಒಂದೂವರೆ ಕಿಲೋಮೀಟರ್ ಗಂಟು ಹೊತ್ತು ನಡೆಯುವವರಿಗೆ ಅದು ಹೇಗಿರುತ್ತದೆ ಅಂತ ಒಬ್ಬ ಹಮಾಲರನ್ನು ಕೇಳಿದ್ದರೆ ಚೆನ್ನಾಗಿತ್ತು. ಗದಗ ರಸ್ತೆಯ ರೈಲ್ವೆ ಮ್ಯೂಸಿಯಮ್ಮಿಗೆ ಹೋಗಿ ಬಂದಿದ್ದೀರಿ, ಸಂತೋಷ. ಇನ್ನೊಂದು ಸಲ ಅಪ್ಪನನ್ನು ಕರೆದುಕೊಂಡು ಹೋಗಿ. ನೀವು ಫಲಕ ಓದಬೇಡಿ, ಅಪ್ಪ ಯಾವುದರ ಮುಂದೆ ನಿಂತುಕೊಳ್ಳುತ್ತಾರೆ ಅಂತ ನೋಡಿ.

ಉದ್ದ ಎಂಟು ಪುಟ ಸಾಕು. ಆತುರ ಇಲ್ಲ, ದೀಪಾವಳಿ ಕಳೆದ ಮೇಲೆ ಕಳಿಸಿ.

ಇನ್ನೊಂದು. ಲೇಖನದ ಜೊತೆ ಫೋಟೋದ ಮೂಲಪ್ರತಿಯನ್ನೇ ಕಳಿಸಿಬಿಟ್ಟಿದ್ದೀರಿ. ಹಳಿ ಕೆಲಸದ ಗ್ಯಾಂಗಿನ ಗುಡಿಸಲಿನ ಮುಂದೆ ಒಂಬತ್ತು ಜನ, ಹಾರೆ ನೆಲಕ್ಕೆ ಊರಿ ನಿಂತಿದ್ದಾರೆ. ಕೆಳಗೆ ‘ಬಲದಿಂದ ಮೂರನೆಯವರು ನಮ್ಮ ಅಜ್ಜ, ಹಾಗೂ ಇತರರು’ ಅಂತ ಬರೆದಿದ್ದೀರಿ. ಇತರರು ಎಂಟು ಜನ ಇದ್ದಾರೆ. ಎಡತುದಿಯವರು ತಲೆಗೆ ರುಮಾಲು ಸುತ್ತಿದ್ದಾರೆ, ಒಬ್ಬರ ಕೈಬೆರಳಿಗೆ ಬಟ್ಟೆ ಕಟ್ಟಿದೆ. ಫೋಟೋವನ್ನು ರಟ್ಟಿನ ಮಧ್ಯೆ ಇಟ್ಟು ಸ್ಪೀಡ್ ಪೋಸ್ಟಿನಲ್ಲಿ ಇವತ್ತೇ ವಾಪಸ್ ಕಳಿಸುತ್ತಿದ್ದೇನೆ. ಬಂದ ಕೂಡಲೇ ಅಜ್ಜಿಗೆ ಕನ್ನಡಕ ಹಾಕಿಸಿ ತೋರಿಸಿ. ಒಂದೊಂದೇ ಮುಖದ ಮೇಲೆ ಬೆರಳಿಟ್ಟು ಹೆಸರು ಕೇಳಿ, ಬರೆದುಕೊಳ್ಳಿ.

ಇಂತಿ,
ಸಂಪಾದಕ