ಇಪ್ಪತ್ತಾರು ಅಡಿ ದಪ್ಪದ ಚಾವಣಿ

ಪ್ರಶ್ನೆ: ಫ್ರಾನ್ಸಿನ ಸೇಂಟ್ ನಜೇರ್ ಬಂದರಿನಲ್ಲಿ ಎರಡನೇ ಮಹಾಯುದ್ಧದಾಗ ಜರ್ಮನರು ಕಟ್ಟಿದ ಕಾಂಕ್ರೀಟ್ ಕಟ್ಟಡದ ಫೋಟೋ ನೋಡಿದೆ. ಸುತ್ತಲಿನ ಊರು ನೆಲಸಮ, ಅದೊಂದು ನಿಂತಿದೆ. ನಮ್ಮ ರಾಯಚೂರು ಕೋಟೆಗಿಂತ ಗಟ್ಟಿಯಾ?
– ಒಬ್ಬ ಓದುಗ, ಮಾನ್ವಿ

ಉತ್ತರ: ಗಟ್ಟಿ, ಅನುಮಾನವೇ ಬೇಡ. ಆದರೆ ಅದು ಕೋಟೆಯಲ್ಲ, ಸಬ್‌ಮರಿನ್ ನಿಲ್ಲಿಸುವ ಕೊಟ್ಟಿಗೆ. ಜರ್ಮನರು 1940ರ ಜೂನ್‌ನಲ್ಲಿ ಊರು ಹಿಡಿದರು, 1941ರ ಶುರುವಿನಲ್ಲಿ ಕೆಲಸ ಹಚ್ಚಿದರು. ಒಟ್ಟು 14 ಅಂಕಣ, ಉದ್ದ ಸುಮಾರು 300 ಮೀಟರ್. ಚಾವಣಿ ಸುಮಾರು 8 ಮೀಟರ್ ದಪ್ಪ. ಅಂದರೆ 26 ಅಡಿ! ನಮ್ಮನೆ ಸ್ಲ್ಯಾಬು 5 ಇಂಚು, ಅದೂ ಮೊದಲ ಮಳೆಗೇ ಸೋರಿತು. ಮೇಸ್ತ್ರಿ ಇವತ್ತಿಗೂ ನನ್ನ ಕಂಡರೆ ಓಣಿ ಬದಲಿಸುತ್ತಾನೆ.

ಬರೀ ದಪ್ಪ ಅಲ್ಲ. ಚಾವಣಿ ಮೇಲೆ ಗಿಡ್ಡ ಗೋಡೆ ಎಬ್ಬಿಸಿ, ಅದರ ಮೇಲೆ ಕಾಂಕ್ರೀಟ್ ತೊಲೆಗಳನ್ನು ಸಂದು ಬಿಟ್ಟು ಹಾಸಿದರು. ಬಾಂಬು ಆ ತೊಲೆಗೆ ಬಡಿದು ಮೇಲೇ ಸಿಡಿಯಬೇಕು, ಹೊಡೆತ ನಡುವಿನ ಖಾಲಿ ಜಾಗದಲ್ಲಿ ಚದುರಬೇಕು. ಮನೆ ಮೇಲೊಂದು ಚಪ್ಪರ ಹಾಕಿದಂಗೆ. ಈ ಚಾವಣಿ ಬ್ರಿಟನ್, ಅಮೆರಿಕದ ಬಾಂಬಿಗೆ ಜಗ್ಗಲಿಲ್ಲ. ಊರು ಹಾಳಾಯಿತು, ಸಬ್‌ಮರಿನ್‌ಗಳು ಒಳಗೆ ಸುಮ್ನೆ ನಿಂತಿದ್ದವು.

ಪಕ್ಕದಲ್ಲೇ ಹಡಗು ರಿಪೇರಿ ಮಾಡುವ ದೊಡ್ಡ ಕಟ್ಟೆ, ಅಂದರೆ ಡಾಕ್ ಇತ್ತು. ಅದನ್ನು ಕೆಡಿಸಲು ಬ್ರಿಟಿಷರು ಬೇರೆ ದಾರಿ ಹಿಡಿದರು. 1942ರ ಮಾರ್ಚ್ 28ರ ನಡುರಾತ್ರಿ ಕ್ಯಾಂಪ್‌ಬೆಲ್‌ಟೌನ್ ಎಂಬ ಹಳೇ ಹಡಗಿನ ಮೂತಿಯಲ್ಲಿ ಸ್ಫೋಟಕ ತುಂಬಿ ಡಾಕ್‌ನ ಬಾಗಿಲಿಗೇ ಗುದ್ದಿಸಿದರು. ಮಧ್ಯಾಹ್ನದ ಹೊತ್ತಿಗೆ ಅದು ಸಿಡಿಯಿತು. ಯುದ್ಧ ಮುಗಿಯುವ ತನಕ ಡಾಕ್ ರಿಪೇರಿಯಾಗಲಿಲ್ಲ. ಊರಿನೊಳಗಿದ್ದ ಜರ್ಮನರು ಮಾತ್ರ 1945ರ ಮೇ 11ರ ತನಕ ಪಟ್ಟು ಬಿಡಲಿಲ್ಲ. ಯುರೋಪಿನಲ್ಲಿ ಯುದ್ಧ ಮುಗಿದು ಮೂರು ದಿನವಾಗಿತ್ತು!

ನಮ್ಮ ರಾಯಚೂರು ಕೋಟೆ ಕೃಷ್ಣದೇವರಾಯನ ಮುತ್ತಿಗೆಗೆ ಬಿದ್ದಿದ್ದು 1520ರಲ್ಲಿ. ಗೋಡೆಯಿಂದ ಕಿತ್ತು ತಂದ ಒಂದೊಂದು ಕಲ್ಲಿಗೂ ಕೃಷ್ಣದೇವರಾಯ ದುಡ್ಡು ಕೊಟ್ಟ ಅಂತ ಪೋರ್ಚುಗೀಸ್ ವ್ಯಾಪಾರಿ ನೂನಿಜ್ ಬರೆದಿದ್ದಾನೆ. ಕಲ್ಲಿನ ಗೋಡೆಯಾದರೆ ಹಾರೆ ಹಾಕಿ ಒಂದೊಂದೇ ಕೀಳಬಹುದು. ಕಾಂಕ್ರೀಟ್ ಒಂದೇ ಗಡ್ಡೆ ಅಲ್ವಾ, ಎಲ್ಲಿಗೆ ಹಾರೆ ಹಾಕ್ತೀರಿ? ಯುದ್ಧ ಮುಗಿದ ಮೇಲೂ ಅದನ್ನು ಕೆಡವಲಿಲ್ಲ. ಈಗ ಅದರೊಳಗೇ ಮ್ಯೂಸಿಯಂ ಇದೆ.

ರಾಯಚೂರಿಗೆ ಬಂದಾಗ ಕೋಟೆಯ ಉದ್ದನೆ ಕಲ್ಲು ನೋಡಿ. 40 ಅಡಿಗೂ ಜಾಸ್ತಿ ಇದೆ, 1294ರ ಶಾಸನ ಅದರ ಮೇಲೇ ಇದೆ. ಆ ಕಲ್ಲನ್ನು ಬಂಡಿ ಮೇಲೆ ಎಳೆದು ತಂದ ಚಿತ್ರವನ್ನೂ ಕೆತ್ತಿದ್ದಾರೆ, ಸಾಲು ಸಾಲು ಕೋಣ. ಬೇಸಿಗೆಯಾದರೆ ಬೆಳಿಗ್ಗೆ ಎಂಟರೊಳಗೆ ಹೋಗಿಬಿಡಿ. ಆಮೇಲೆ ಆ ಕಲ್ಲು ಮುಟ್ಟೋಕಾಗಲ್ಲ.